ಮಗುವಿನ ಹೆಸರಿನ ಅರ್ಥ ಸರಿಯಿದೆಯಾ? ದೋಷ ಹುಡುಕುವ ಬಗೆ

ಬೆಂಗಳೂರಿನ ಚಾಮರಾಜಪೇಟೆಯ ಒಂದು ಸಣ್ಣ ಪ್ರೆಸ್ಸಿನಲ್ಲಿ ನಾನು ಡಿಟಿಪಿ ಮತ್ತು ಪ್ರೂಫ್ ಕೆಲಸ ಮಾಡುತ್ತೇನೆ. ಮದುವೆ, ಗೃಹಪ್ರವೇಶ, ನಾಮಕರಣ, ದಿನವಿಡೀ ಕಾರ್ಡುಗಳೇ. ಈಚೆಗೆ ನಾಮಕರಣದ ಕಾರ್ಡಿನಲ್ಲಿ ಮಗುವಿನ ಹೆಸರಿನ ಕೆಳಗೆ ಅದರ ಅರ್ಥವನ್ನೂ ಹಾಕಿಸುವುದು ಜಾಸ್ತಿಯಾಗಿದೆ. ಆ ಅರ್ಥದ ಸಾಲು ಬರುವುದು ಹೆಚ್ಚಾಗಿ ಫೋನಿನಿಂದ, ಯಾವುದೋ ಹೆಸರಿನ ಪಟ್ಟಿಯ ಸ್ಕ್ರೀನ್‌ಶಾಟ್ ಆಗಿ.

ಒಂದು ದಿನ ಮಗುವಿನ ತಾತ, ಅವರ ಮಗ ಇಬ್ಬರೂ ಪ್ರೂಫ್ ನೋಡಲು ಬಂದರು. ‘ಚಿ. ಆರವ್’ ಅಂತ ದಪ್ಪಕ್ಷರದಲ್ಲಿತ್ತು. ಕೆಳಗೆ ಸಣ್ಣ ಅಕ್ಷರದಲ್ಲಿ ‘ಶಾಂತ ಸ್ವಭಾವದವನು’. ಮಗ ನೋಡಿ, “ಓಕೆ ಸಾರ್” ಅಂದರು. ತಾತ ಕನ್ನಡಕವನ್ನು ಹಣೆಗೇರಿಸಿ, ಹಾಳೆಯನ್ನು ಕಣ್ಣಿನ ಹತ್ತಿರ ಹಿಡಿದು, ಆ ಸಣ್ಣ ಸಾಲಿನ ಮೇಲೆ ಬೆರಳಿಟ್ಟರು.

“ಕಲರವ ಅಂತೀವಲ್ಲಪ್ಪ. ರವ ಅಂದ್ರೆ ಸದ್ದು ತಾನೇ? ಇದು ಶಾಂತ ಹೆಂಗಾಯ್ತು?”

ಮಗ ಫೋನ್ ತೆಗೆದು ಒಂದಾದ ಮೇಲೊಂದು ಪುಟ ತೋರಿಸಿದರು. ಎಲ್ಲ ಕಡೆ ಶಾಂತ ಅಂತಲೇ ಇತ್ತು. “ಇಷ್ಟು ಕಡೆ ಹಾಕಿದ್ದಾರಲ್ಲ ಅಪ್ಪಾ.”

ನಾನು ಕಪಾಟಿನಿಂದ ನಿಘಂಟು ತೆಗೆದೆ. ಆರವ ಅಂದರೆ ಧ್ವನಿ, ಕೂಗು, ಸದ್ದು. ತಾತ ಹೇಳಿದ್ದೇ ಸರಿ.

ಆವತ್ತಿನಿಂದ ಅರ್ಥದ ಸಾಲಿರುವ ಕಾರ್ಡು ಬಂದರೆ, ಒಂದು ಸಲ ಪರೀಕ್ಷೆ ಮಾಡದೆ ನಾನು ಮೆಷಿನ್‌ಗೆ ಕಳಿಸುವುದಿಲ್ಲ. ಆ ಮಗು ದೊಡ್ಡದಾದ ಮೇಲೆ ಯಾರಾದರೂ ‘ನಿನ್ನ ಹೆಸರಿಗೆ ಏನರ್ಥ’ ಅಂತ ಕೇಳೇ ಕೇಳುತ್ತಾರೆ. ಅಪ್ಪ ಅಮ್ಮ ಹೇಳಿಕೊಟ್ಟ ಉತ್ತರವನ್ನೇ ಅದು ಹೇಳುತ್ತದೆ. ಆ ಉತ್ತರ ಸರಿಯಿರಬೇಕು ಅನ್ನುವುದು ನನ್ನ ಆಸೆ. ನಾನು ಹೇಗೆ ನೋಡುತ್ತೇನೆ ಅನ್ನುವುದನ್ನು ಇಲ್ಲಿ ಬರೆದಿದ್ದೇನೆ. ಮನೆಯಲ್ಲಿ ಯಾರು ಬೇಕಾದರೂ ಮಾಡಬಹುದು. ಸಂಸ್ಕೃತ ಪಂಡಿತರೇ ಆಗಬೇಕಿಲ್ಲ.

ಯಾವಾಗ ಅನುಮಾನ ಪಡಬೇಕು

ಹತ್ತು ಪುಟಗಳಲ್ಲಿ ಅರ್ಥ ಒಂದೇ ಥರ, ಒಂದೇ ಮಾತಿನಲ್ಲಿ ಇದ್ದರೆ ಅನುಮಾನ ಪಡಿ. ಅದು ಹತ್ತು ಜನರ ಸಾಕ್ಷಿ ಅಲ್ಲ, ಒಬ್ಬರು ಬರೆದಿದ್ದರ ಹತ್ತು ಜೆರಾಕ್ಸ್. ಮೂಲ ಅನ್ನುವ ಕಡೆ ‘ಹಿಂದೂ’ ಅಥವಾ ‘ಭಾರತೀಯ’ ಅಂತ ಇದ್ದರೂ ಅಷ್ಟೇ. ಅವು ಭಾಷೆಯ ಹೆಸರುಗಳಲ್ಲ. ‘ಲಕ್ಷ್ಮಿಯ ಇನ್ನೊಂದು ಹೆಸರು’ ಅಂತ ಬರೆದು, ಯಾವ ಸ್ತೋತ್ರದಲ್ಲಿ ಬರುತ್ತದೆ ಅಂತ ಹೇಳದಿದ್ದರೆ ಅದನ್ನೂ ಪಕ್ಕಕ್ಕಿಡಿ. ಅರ್ಥ ತೀರಾ ಉದ್ದ, ತೀರಾ ಸಿಹಿ ಆಗಿದ್ದರೂ ನಂಬಬೇಡಿ. ‘ಎಲ್ಲರ ಬಾಳಿಗೆ ಬೆಳಕು ತರುವವಳು’ ಅನ್ನುವಂಥದ್ದನ್ನು ಮೂರಕ್ಷರದ ಪದ ಹೊರುವುದು ಕಷ್ಟ. ನಿಜವಾದ ಪದಗಳ ಅರ್ಥ ಸಾಮಾನ್ಯವಾಗಿ ಚಿಕ್ಕದು, ಸಾದಾ: ಬೆಂಕಿ, ಹೂವು, ಮೊದಲನೆಯದು, ಸದ್ದು.

ಇವೆಲ್ಲಕ್ಕಿಂತ ದೊಡ್ಡ ಲಕ್ಷಣ ಇನ್ನೊಂದಿದೆ. ಆ ಪದ ಹೆಸರಿನ ಪಟ್ಟಿಗಳ ಹೊರಗೆ ಎಲ್ಲಾದರೂ ಬದುಕಿದೆಯಾ ಅಂತ ನೋಡಿ. ಒಂದು ಪದ್ಯದಲ್ಲಿ, ಒಂದು ವಚನದಲ್ಲಿ, ಒಂದು ಶ್ಲೋಕದಲ್ಲಿ, ಅಜ್ಜಿಯ ಮಾತಿನಲ್ಲಿ. ಎಲ್ಲೂ ಇಲ್ಲ, ಬರೀ ಹೆಸರಿನ ಪಟ್ಟಿಯಲ್ಲಿ ಮಾತ್ರ ಇದೆ ಅಂದರೆ ಅದು ಈಚೆಗೆ ಕಟ್ಟಿದ ಹೆಸರು. ಕಟ್ಟುವುದು ತಪ್ಪಲ್ಲ. ಅದಕ್ಕೆ ವೇದದ ಕಾಲದ ಮೂಲ ಇದೆ ಅಂತ ಹೇಳುವುದು ತಪ್ಪು.

ಮೊದಲು ಅಕ್ಕಿಯ ಮೇಲೆ ಬರೆಯಿರಿ

ನನ್ನ ಅನುಭವದಲ್ಲಿ ದೋಷ ಜಾಸ್ತಿ ಸಿಗುವುದು ಇಲ್ಲೇ. ಹೆಸರು ಹುಡುಕುವಾಗ ನಾವು ಇಂಗ್ಲಿಷ್ ಅಕ್ಷರದಲ್ಲಿ ಹುಡುಕುತ್ತೇವೆ. ಇಂಗ್ಲಿಷ್ ಅಕ್ಷರಕ್ಕೆ ಅ-ಆ ಗೊತ್ತಿಲ್ಲ, ತ-ಥ-ಟ-ಠ ಗೊತ್ತಿಲ್ಲ, ನ-ಣ ಗೊತ್ತಿಲ್ಲ, ಶ-ಷ ಗೊತ್ತಿಲ್ಲ. ಹೆಸರು ಆ ಸಂದಿಯಲ್ಲಿ ನುಸುಳಿ ಆಚೆ ಬರುವಾಗ ಅರ್ಥ ಒಂದು ಕಡೆ, ಅಕ್ಷರ ಒಂದು ಕಡೆ ಆಗಿರುತ್ತದೆ.

ನಾಮಕರಣದ ದಿನ ತಟ್ಟೆಯಲ್ಲಿ ಅಕ್ಕಿ ಹರಡಿ, ಚಿನ್ನದ ಉಂಗುರದಲ್ಲಿ ಹೆಸರು ಬರೆಸುತ್ತಾರಲ್ಲ, ಅದನ್ನು ಹೆಸರು ಗಟ್ಟಿ ಮಾಡುವ ಮೊದಲೇ ಒಂದು ಸಲ ಮನೆಯಲ್ಲಿ ಮಾಡಿ ನೋಡಿ. ಅಕ್ಕಿಯ ಮೇಲೆ ಅಪ್ಪನ ಕೈ ಹಿಡಿದ ಉಂಗುರ ಮೊದಲ ಅಕ್ಷರಕ್ಕೇ ನಿಂತುಬಿಡುತ್ತದೆ. ‘ಅ’ನಾ, ‘ಆ’ನಾ? ಒತ್ತು ಯಾವುದು? ಕೊನೆಯಲ್ಲಿ ದೀರ್ಘ ಬೇಕಾ? ಆ ಮೂರು ಪ್ರಶ್ನೆಗೆ ಉತ್ತರ ಸಿಗುವ ತನಕ ಅರ್ಥ ಹುಡುಕಲು ಹೋಗಲೇಬೇಡಿ. ಕಾಗದದ ಮೇಲೆ ಬರೆದರೂ ಆಯಿತು, ಆದರೆ ಕನ್ನಡದಲ್ಲಿ ಬರೆಯಿರಿ.

ಆರವ್ ವಿಷಯಕ್ಕೇ ಬರೋಣ. ‘ರವ’ ಅಂದರೆ ಸದ್ದು. ಕಲರವ, ಘಂಟಾರವ ಎಲ್ಲ ಅದರಿಂದಲೇ. ಅದರ ಹಿಂದೆ ದೀರ್ಘ ‘ಆ’ ಬಂದರೆ ಆರವ, ಆಗಲೂ ಸದ್ದೇ. ಹಿಂದೆ ಹ್ರಸ್ವ ‘ಅ’ ಬಂದರೆ ಅರವ, ಆಗ ಸದ್ದಿಲ್ಲದ ಅಂತಾಗುತ್ತದೆ. ನ್ಯಾಯ ಮತ್ತು ಅನ್ಯಾಯ ಇದ್ದ ಹಾಗೆ. ‘ನೀರವ’ ಅಂದರೂ ಸದ್ದಿಲ್ಲದ ಅಂತಲೇ. ನೀರವ ರಾತ್ರಿ ಅಂತ ಕಥೆಗಳಲ್ಲಿ ಓದಿರುತ್ತೀರಿ. ಇಂಗ್ಲಿಷಿನಲ್ಲಿ ಅರವ, ಆರವ ಎರಡನ್ನೂ ಒಂದೇ ಥರ ಬರೆಯಬಹುದು. ಶಾಂತ ಅನ್ನುವ ಅರ್ಥ ಹ್ರಸ್ವದ ಕಡೆಯಿಂದ ದೀರ್ಘದ ಕಡೆಗೆ ದಾಟಿಕೊಂಡಿದೆ ಅನ್ನುವುದು ನನ್ನ ಊಹೆ. ಒಂದು ದೀರ್ಘ ಬಂದದ್ದಕ್ಕೆ ಅರ್ಥ ಪೂರ್ತಿ ತಲೆಕೆಳಗಾಯಿತು, ನೋಡಿ.

ಇನ್ನೊಂದು, ವಾರಕ್ಕೊಮ್ಮೆಯಾದರೂ ನನ್ನ ಕೈಗೆ ಬರುವ ಹೆಸರು: ಆದ್ಯಾ. ಆದಿ ಅಂದರೆ ಮೊದಲು, ಆದ್ಯಾ ಅಂದರೆ ಮೊದಲನೆಯವಳು. ಚೆಂದದ ಹೆಸರು, ಅರ್ಥವೂ ಸರಿ. ಆದರೆ ಅರ್ಧಕ್ಕರ್ಧ ಜನ ‘ಆಧ್ಯಾ’ ಅಂತ ಮಹಾಪ್ರಾಣ ಹಾಕಿ ಬರೆದುಕೊಂಡು ಬರುತ್ತಾರೆ. ಯಾಕೆ ಹೀಗೆ? ನಮ್ಮ ದಕ್ಷಿಣದ ಕಡೆ ಇಂಗ್ಲಿಷಿನಲ್ಲಿ ಬರೆಯುವಾಗ ‘ದ’ ಸದ್ದಿಗೆ ಡಿ ಪಕ್ಕ ಎಚ್ ಹಾಕುವ ರೂಢಿ ಇದೆ. ಬರೀ ಡಿ ಹಾಕಿದರೆ ‘ಡ’ ಅಂತ ಓದಿಬಿಡುತ್ತಾರೆ ಅಂತ. ಹಾಗೆಯೇ ‘ತ’ಕ್ಕೆ ಟಿ-ಎಚ್. ಲತಾ, ಗೀತಾ, ಸವಿತಾ ಎಲ್ಲರಿಗೂ ನಾವು ಎಚ್ ಸೇರಿಸಿಯೇ ಬರೆಯುವುದು. ಉತ್ತರದ ಕಡೆ ಅದೇ ಎಚ್ ಮಹಾಪ್ರಾಣದ ಗುರುತು. ಹಾಗಾಗಿ ಹೆಸರು ಇಲ್ಲಿಂದ ಇಂಗ್ಲಿಷಿಗೆ ಹೋಗಿ, ಕಂಪ್ಯೂಟರ್ ಅದನ್ನು ವಾಪಸ್ ಕನ್ನಡಕ್ಕೆ ತಂದಾಗ, ‘ದ’ ಹೋಗಿ ‘ಧ’ ಆಗಿರುತ್ತದೆ. ಆಗ ಆದಿಯ ಜೊತೆ ನಂಟು ಕಡಿದುಹೋಯಿತು. ಧನಾಢ್ಯ ಅನ್ನುವಲ್ಲಿ ಬರುವ ‘ಆಢ್ಯ’ ಇದೆಯಲ್ಲ, ಅದು ಮತ್ತೊಂದು ಪದ, ಶ್ರೀಮಂತ ಅಂತ. ಮೂರನ್ನೂ ಒಂದೇ ಸಾಲಿನಲ್ಲಿ ಬರೆದು ನೋಡಿ: ಆದ್ಯ, ಆಧ್ಯ, ಆಢ್ಯ. ನಿಮ್ಮ ಮಗುವಿಗೆ ಯಾವುದು ಬೇಕು ಅಂತ ಆಮೇಲೆ ಹೇಳಿ.

ಕೊನೆಯ ದೀರ್ಘವನ್ನು ಎಲ್ಲರೂ ಅಸಡ್ಡೆ ಮಾಡುತ್ತಾರೆ. ಸಂಸ್ಕೃತದಲ್ಲಿ ಕೃಷ್ಣ ಅಂದರೆ ದೇವಕಿಯ ಮಗ. ಕೃಷ್ಣಾ ಅಂದರೆ ದ್ರೌಪದಿ, ಇಲ್ಲವೇ ನದಿ. ಶಿವ ಅಂದರೆ ಶಿವ, ಶಿವಾ ಅಂದರೆ ಪಾರ್ವತಿ. ಕನ್ನಡದಲ್ಲಿ ನಾವು ಕರೆಯುವಾಗ ‘ಕೃಷ್ಣಾ, ಬಾರೋ’ ಅಂತ ಎಳೆಯುತ್ತೇವೆ, ಅದು ಬೇರೆ. ಬರೆಯುವಾಗ ನೋಡಿಕೊಳ್ಳಬೇಕು.

ಸ-ಶ ಬಗ್ಗೆ ಹಳೆಯ ಸಂಸ್ಕೃತ ಸುಭಾಷಿತವೊಂದಿದೆ. ತಂದೆ ಮಗನಿಗೆ ಹೇಳುತ್ತಾನೆ: ಜಾಸ್ತಿ ಓದದಿದ್ದರೂ ಪರವಾಗಿಲ್ಲ, ವ್ಯಾಕರಣ ಮಾತ್ರ ಓದು ಮಗನೇ, ‘ಸ್ವಜನ’ ಹೋಗಿ ‘ಶ್ವಜನ’ ಆಗದಿರಲಿ, ‘ಸಕಲ’ ಹೋಗಿ ‘ಶಕಲ’ ಆಗದಿರಲಿ. ಸ್ವಜನ ಅಂದರೆ ನಮ್ಮವರು, ಶ್ವ ಅಂದರೆ ನಾಯಿ. ಸಕಲ ಅಂದರೆ ಎಲ್ಲ, ಶಕಲ ಅಂದರೆ ಚೂರು. ಹೆಸರಿಗೂ ಅದೇ ಮಾತು. ಶಂಕರ ಅಂದರೆ ಒಳ್ಳೆಯದು ಮಾಡುವವನು, ಸಂಕರ ಅಂದರೆ ಬೆರಕೆ.

ಇನ್ನು ಕೃತ್ತಿಕಾ. ನಕ್ಷತ್ರದ ಹೆಸರಿಗೆ ಎರಡು ‘ತ’ ಬೇಕು, ತಕಾರಕ್ಕೆ ತ ಒತ್ತು. ಒಂದು ‘ತ’ ಮಾತ್ರ ಬರೆದು ಕೆಳಗೆ ‘ನಕ್ಷತ್ರ’ ಅಂತ ಅರ್ಥ ಹಾಕಿದ ಕಾರ್ಡು ನೋಡಿದಾಗಲೆಲ್ಲ ಒತ್ತು ಸೇರಿಸಿಯೇ ಪ್ರೂಫ್ ಕೊಡುತ್ತೇನೆ. ಋತ್ವಿಕ್ ಅನ್ನುವುದನ್ನು ರಿತ್ವಿಕ್ ಅಂತ ಬರೆದರೆ ನಿಘಂಟಿನಲ್ಲಿ ‘ರಿ’ ಅಕ್ಷರದಲ್ಲಿ ಎಷ್ಟು ಹುಡುಕಿದರೂ ಸಿಗುವುದಿಲ್ಲ. ‘ಋ’ದಲ್ಲಿ ಇದೆ, ಯಜ್ಞ ಮಾಡಿಸುವ ಪುರೋಹಿತ ಅಂತ.

ಯಾವ ನುಡಿಯ ಪದ?

ಅಕ್ಷರ ಗಟ್ಟಿಯಾದ ಮೇಲೆ ಭಾಷೆ ಕೇಳಿ. ಒಂದೇ ಸದ್ದಿನ ಹೆಸರು ಎರಡು ಭಾಷೆಯಲ್ಲಿ ಬೇರೆ ಬೇರೆ ಹುಟ್ಟಿರುತ್ತದೆ. ಪಟ್ಟಿ ಮಾಡುವವರು ಎರಡನ್ನೂ ಕಲಸಿಬಿಡುತ್ತಾರೆ.

ಸಿರಿ ನಮ್ಮ ಪದ. ಸಂಸ್ಕೃತದ ಶ್ರೀ ಕನ್ನಡದ ಬಾಯಿಗೆ ಬಂದು ಸಿರಿ ಆಯಿತು. ಸಿರಿವಂತ, ಸಿರಿಗನ್ನಡ, ಸಿರಿಗಂಧ ಎಲ್ಲ ಕಡೆ ಅದೇ. ತುಳುನಾಡಿನಲ್ಲಿ ಸಿರಿಯ ಕಥೆ ಹೇಳುವ ಹಾಡು, ಪಾಡ್ದನವೇ ಇದೆ. ಆದರೆ ನಾರ್ವೆ, ಸ್ವೀಡನ್ ಕಡೆಯೂ ಸಿರಿ ಅನ್ನುವ ಹೆಣ್ಣು ಹೆಸರಿದೆ. ಅದು ಸಿಗ್ರಿಡ್ ಅನ್ನುವ ಹೆಸರಿನ ಮೊಟಕು. ಗೆಲುವು ಮತ್ತು ಚೆಲುವು ಎರಡು ಪದ ಸೇರಿ ಆದದ್ದು. ಹಾಗಾಗಿ ಸಿರಿ ಅಂದರೆ ‘ಸುಂದರ ಗೆಲುವು’ ಅಂತ ಎಲ್ಲಾದರೂ ಕಂಡರೆ ಅದು ಸುಳ್ಳಲ್ಲ, ಆದರೆ ನಮ್ಮ ಸಿರಿಯದಲ್ಲ. ಬಸವನಗುಡಿಯಲ್ಲಿ ತೊಟ್ಟಿಲಿಗೆ ಹಾಕುವ ಸಿರಿಗೆ ಸಂಪತ್ತು ಅನ್ನುವ ಅರ್ಥವೇ ಸಾಕು.

ಕಿಯಾರಾ ಇನ್ನೂ ಗಮನ ಕೊಡಬೇಕಾದದ್ದು. ಇಟಲಿಯ ಕಿಯಾರಾ ಅಂದರೆ ತಿಳಿ, ಬೆಳಕು; ಲ್ಯಾಟಿನ್‌ನಿಂದ ಬಂದದ್ದು. ಐರ್ಲೆಂಡಿನಲ್ಲಿ ಕೀರಾ ಅಂತ ಉಚ್ಚರಿಸುವ ಹೆಸರಿದೆ, ಅದರ ಬೇರು ಕಪ್ಪು ಅನ್ನುವ ಪದ. ಇಂಗ್ಲಿಷ್ ಕಾಗುಣಿತದಲ್ಲಿ ಎರಡೂ ಅಕ್ಕಪಕ್ಕ ಬಂದು, ಒಂದೇ ಹೆಸರಿಗೆ ಒಂದು ಕಡೆ ಬೆಳಕು, ಇನ್ನೊಂದು ಕಡೆ ಕಪ್ಪು ಅಂತ ಬರೆದಿರುತ್ತಾರೆ. ಎರಡೂ ನಿಜ, ಹೆಸರು ಮಾತ್ರ ಎರಡು.

ದಿಯಾ ಅನ್ನುವುದು ಹಿಂದಿಯ ದೀಪ. ಸಂಸ್ಕೃತದ ದೀಪವೇ ಸವೆದು ದಿಯಾ ಆದದ್ದು. ಅರಬ್ಬಿಯಲ್ಲೂ ಝಿಯಾ, ದಿಯಾ ಅಂತೆಲ್ಲ ಕೇಳಿಸುವ ಒಂದು ಪದ ಇದೆ, ಬೆಳಕು ಅಂತ. ಇಲ್ಲಿ ಅದೃಷ್ಟಕ್ಕೆ ಅರ್ಥಗಳು ಹತ್ತಿರ ಹತ್ತಿರ. ತಾರಾ ನಮ್ಮಲ್ಲಿ ನಕ್ಷತ್ರ. ಐರ್ಲೆಂಡಿನಲ್ಲಿ ತಾರಾ ಒಂದು ಹೆಸರಾಂತ ಗುಡ್ಡ. ಇಂಥವನ್ನೆಲ್ಲ ಕಂಡಾಗ ಒಂದೇ ಪ್ರಶ್ನೆ ಕೇಳಿಕೊಳ್ಳಿ: ನಾವು ಯಾವ ಭಾಷೆಯ ಹೆಸರು ಅಂತ ಇದನ್ನು ಇಡುತ್ತಿದ್ದೇವೆ?

ಕನ್ನಡದ ಹೆಸರಿಗೂ ಸಂಸ್ಕೃತ ಅಂತ ಚೀಟಿ ಅಂಟಿಸುವುದುಂಟು. ಇಂಚರ ಅನ್ನುವುದನ್ನು ತಗೊಳ್ಳಿ. ‘ಇನ್’ ಅಂದರೆ ಇನಿದು, ಸಿಹಿ. ಅದಕ್ಕೆ ಸ್ವರದ ತದ್ಭವ ‘ಸರ’ ಸೇರಿ, ಹಳಗನ್ನಡದ ಸಂಧಿಯಲ್ಲಿ ಸ ಹೋಗಿ ಚ ಆಗಿ ಇಂಚರ ಆಯಿತು. ಇನಿದನಿ. ಇದರ ಅರ್ಧ ಕನ್ನಡ, ಇನ್ನರ್ಧ ಸಂಸ್ಕೃತದಿಂದ ಬಂದು ಕನ್ನಡವಾದದ್ದು. ಮುಗಿಲು, ಚುಕ್ಕಿ, ಬೆಳಕು ಅಂತ ಹೆಸರಿಡುವವರಿಗೆ ಈ ತೊಂದರೆಯೇ ಇಲ್ಲ, ಅರ್ಥದ ಸಾಲೇ ಬೇಕಾಗಿಲ್ಲ.

ಬಿಡಿಸಿ ನೋಡಿ

ಪದವನ್ನು ಕೀಲು ಕೀಲಾಗಿ ಬಿಡಿಸುವುದು ಮುಂದಿನ ಕೆಲಸ. ಹೊಸ ಹೆಸರುಗಳಲ್ಲಿ ‘ಅಂಶ್’ ಬಾಲ ಇರುವವು ಬಹಳ. ವೇದಾಂಶ್, ಶಿವಾಂಶ್, ರಿಯಾಂಶ್. ಬಾಲ ಕಳಚಿ ನೋಡಿ. ವೇದ + ಅಂಶ, ಸರಿಯಾಗಿ ಕಳಚಿತು. ಶಿವ + ಅಂಶ, ಅದೂ ಸರಿ, ಶಿವನ ಒಂದು ಭಾಗ. ರಿಯಾಂಶ್‌ನಲ್ಲಿ ಅಂಶ ತೆಗೆದರೆ ಉಳಿಯುವುದು ‘ರಿಯ’. ಅದು ಸಂಸ್ಕೃತದಲ್ಲೂ ಪದವಲ್ಲ, ಕನ್ನಡದಲ್ಲೂ ಅಲ್ಲ.

ಆ ಹೆಸರಿಗೆ ಪಟ್ಟಿಗಳಲ್ಲಿ ‘ಸೂರ್ಯನ ಮೊದಲ ಕಿರಣ’ ಅಂತ ಅರ್ಥ ಕೊಟ್ಟಿರುತ್ತಾರೆ. ಈ ಕಿರಣ ಎಲ್ಲಿಂದ ಬಂತು? ಅಂಶ ಅಂದರೆ ಭಾಗ. ಅಂಶು ಅಂದರೆ ಕಿರಣ. ಹಿಮಾಂಶು ಗೊತ್ತಲ್ಲ, ತಣ್ಣನೆ ಕಿರಣದವನು, ಚಂದ್ರ. ಕೊನೆಯ ಕೊಂಬು ಬಿದ್ದುಹೋದರೆ ಕಿರಣವೂ ಬಿದ್ದುಹೋಗುತ್ತದೆ. ಹೆಸರಿನ ಕೊನೆಗೆ ಅಂಶ್ ಇದ್ದು ಅರ್ಥದಲ್ಲಿ ಕಿರಣ ಇದ್ದರೆ ಅಲ್ಲಿ ನಿಲ್ಲಿಸಿ ನೋಡಿ.

ಅದ್ವಿಕ್ ಬೇರೆ ಥರ. ಹೆಸರಾಗಿ ಹೊಸತು. ಆದರೆ ದ್ವಿ ಅಂದರೆ ಎರಡು, ದ್ವಿಕ ಅಂದರೆ ಜೋಡಿ, ಅದ್ವಿಕ ಅಂದರೆ ಜೋಡಿಯಿಲ್ಲದ. ಅದ್ವಿತೀಯ ಅನ್ನುವ ಪದದ ಹಾದಿಯಲ್ಲೇ ಇದೆ. ಕೀಲುಗಳು ಕೂಡುತ್ತವೆ. ಇದನ್ನು ನಾನು ಪಾಸ್ ಮಾಡುತ್ತೇನೆ. ಅನ್ವಿತಾ ಅಂದರೆ ಕೂಡಿದವಳು, ‘ಗುಣಾನ್ವಿತ’ ಅನ್ನುವ ಕಡೆ ಇರುವ ಅದೇ ಅನ್ವಿತ. ಪಟ್ಟಿಗಳ ಹಾಗೆ ದುರ್ಗೆ, ಸೇತುವೆ ಅಂತೆಲ್ಲ ಎಳೆಯುವುದು ಬೇಡ.

ನೀಹಾರಿಕಾ ಹೆಸರಿಗೆ ‘ಆಕಾಶಗಂಗೆ’ ಅಂತ ಬರೆಸಿಕೊಂಡು ಬಂದಿದ್ದರು ಒಬ್ಬ ತಾಯಿ. ನೀಹಾರ ಅಂದರೆ ಮಂಜು. ದೂರದರ್ಶಕದಲ್ಲಿ ಮಂಜಿನ ಹಾಗೆ ಕಾಣುವ ಧೂಳು, ಅನಿಲದ ಮೋಡಗಳಿಗೆ ಕನ್ನಡದ ವಿಜ್ಞಾನ ಬರಹಗಳಲ್ಲಿ ನೀಹಾರಿಕೆ ಅಂತ ಹೆಸರು ಕೊಟ್ಟರು. ಆಕಾಶಗಂಗೆ ನಮ್ಮ ಸೂರ್ಯ ಇರುವ ಇಡೀ ನಕ್ಷತ್ರ ಗುಂಪು. ಅಲ್ಲೇ ಕುಳಿತು ತಿದ್ದಿದೆವು. ‘ಮಂಜು’ ಅಂತಲೇ ಹಾಕಿ ಅಂದರು. ಹುಟ್ಟಿದ್ದು ಡಿಸೆಂಬರಿನಲ್ಲಿ, ಒಪ್ಪುತ್ತದೆ ಅಂತ.

ನಿಘಂಟನ್ನು ಹೇಗೆ ಓದಬೇಕು

ಕನ್ನಡ ಸಾಹಿತ್ಯ ಪರಿಷತ್ತು ನಮ್ಮ ಪೇಟೆಯಲ್ಲೇ ಇದೆ, 1915ರಲ್ಲಿ ಹುಟ್ಟಿದ ಸಂಸ್ಥೆ. ಅವರ ಕನ್ನಡ ನಿಘಂಟು 8 ಸಂಪುಟ. ಪದ ಯಾವ ಕಾವ್ಯದಲ್ಲಿ, ಯಾವ ಶಾಸನದಲ್ಲಿ ಬಂದಿದೆ ಅಂತ ಸಾಲು ಸಮೇತ ಕೊಡುತ್ತದೆ. ನಮಗೆ ಬೇಕಾದ ಸಾಕ್ಷಿ ಅದೇ. ಕಿಟೆಲ್ ಅವರ ಕನ್ನಡ-ಇಂಗ್ಲಿಷ್ ನಿಘಂಟು 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದದ್ದು, ಈಗಲೂ ಕೆಲಸಕ್ಕೆ ಬರುತ್ತದೆ. ಮನೆಯಲ್ಲಿ ಇಲ್ಲದಿದ್ದರೆ ಕಬ್ಬನ್ ಪಾರ್ಕಿನ ಕೆಂಪು ಕಟ್ಟಡದ ಗ್ರಂಥಾಲಯಕ್ಕೆ ಹೋಗಿ. ಫೋನಿನಲ್ಲೇ ನೋಡಬೇಕೆಂದರೆ ಅಲರ್ ನಿಘಂಟು ಇದೆ. ಸಂಸ್ಕೃತಕ್ಕೆ ಮೋನಿಯರ್ ವಿಲಿಯಮ್ಸ್, ಆಪ್ಟೆ ಅವರ ಸಂಸ್ಕೃತ-ಇಂಗ್ಲಿಷ್ ನಿಘಂಟು ಎರಡೂ ಜರ್ಮನಿಯ ಕಲೋನ್ ವಿಶ್ವವಿದ್ಯಾಲಯದವರ ದಯೆಯಿಂದ ಅಂತರ್ಜಾಲದಲ್ಲಿ ಪುಕ್ಕಟೆ ಸಿಗುತ್ತವೆ.

ಆದರೆ ನಿಘಂಟು ತೆಗೆದು ಮೊದಲ ಸಾಲು ಓದಿ ಮುಚ್ಚಬೇಡಿ. 1899ರ ಮೋನಿಯರ್ ವಿಲಿಯಮ್ಸ್ ನಿಘಂಟಿನಲ್ಲಿ ‘ಎನ್’ ಅಂತ ಗುರುತು ಇದ್ದರೆ ಅದು ಯಾರದೋ ಅಥವಾ ಯಾವುದೋ ಊರು, ನದಿ, ಗಿಡದ ಹೆಸರು ಅಂತ ಅಷ್ಟೇ. ಅದು ಪದದ ಅರ್ಥವಲ್ಲ. ಹೆಸರಿನ ಪಟ್ಟಿಗಳಲ್ಲಿ ಬರುವ ‘ಒಂದು ನದಿ’, ‘ಒಬ್ಬ ಋಷಿ’ ಎಂಬ ಅರ್ಥಗಳು ಹೀಗೆ ಹುಟ್ಟಿರಬಹುದು. ಅದರಲ್ಲೇ ‘ಎಲ್’ ಗುರುತು ಇದ್ದರೆ, ಆ ಅರ್ಥ ಹಳೆಯ ಕೋಶಕಾರರು ಕೊಟ್ಟದ್ದು, ಬರಹಗಳಲ್ಲಿ ಬಳಸಿದ್ದು ಕಂಡಿಲ್ಲ ಅಂತ. ಸಾಕ್ಷಿ ತೆಳುವಾಯಿತು.

ಒಂದು ಪದಕ್ಕೆ ಹಲವು ಅರ್ಥ ಇದ್ದರೆ ಗಾಬರಿ ಬೇಡ. ಹರಿ ಅಂದರೆ ವಿಷ್ಣು. ಸಿಂಹ, ಕೋತಿ, ಕುದುರೆ, ಕಪ್ಪೆ ಎಲ್ಲವೂ ಹರಿಯೇ. ಅದು ದೋಷವಲ್ಲ. ಶಿವಾ ಅಂದರೆ ಪಾರ್ವತಿ ಅಂದೆನಲ್ಲ, ಅಮರಕೋಶದಲ್ಲಿ ಹೆಣ್ಣು ನರಿಗೂ ಅದೇ ಪದ. ಯಾರೂ ಹೆದರಿಲ್ಲ. ಆದರೆ ವಾರುಣಿ ಅಂತ ಹೆಸರಿಡುವವರಿಗೆ ನಾನು ಹೇಳುತ್ತೇನೆ. ವರುಣನಿಗೆ ಸೇರಿದವಳು, ಪಶ್ಚಿಮ ದಿಕ್ಕು ಅಂತ ಅರ್ಥ ಇದೆ, ನಿಜ. ಹೆಂಡ ಅನ್ನುವ ಅರ್ಥವೂ ಇದೆ, ಅದು ಮೂಲೆಯಲ್ಲಿಲ್ಲ, ಹಳೆಯ ಕಾವ್ಯಗಳಲ್ಲಿ ಎದ್ದು ಕಾಣುವಂತೆಯೇ ಇದೆ. ಗೊತ್ತಿದ್ದು ಇಟ್ಟರೆ ಪರವಾಗಿಲ್ಲ. ಗೊತ್ತಿಲ್ಲದೆ ಇಟ್ಟು, ಹೈಸ್ಕೂಲಿನಲ್ಲಿ ಸಂಸ್ಕೃತ ಮೇಷ್ಟ್ರು ಹೇಳಿದಾಗ ಮಗುವಿಗೆ ಗೊತ್ತಾಗಬಾರದು.

‘ವಿಷ್ಣುವಿನ ಹೆಸರು’ ಅಂತ ಹೇಳಿದ್ದರೆ ಸಹಸ್ರನಾಮ ತೆಗೆದು ನೋಡಿ. ಅಲ್ಲಿ ಇದ್ದರೆ ಗಟ್ಟಿ ಸಾಕ್ಷಿ. ಇಲ್ಲದಿದ್ದರೆ ಬೇರೆ ಪುರಾಣದಲ್ಲಿ ಇರಬಹುದು, ಯಾವುದು ಅಂತ ಕೇಳಿ.

ಕಥೆಯ ವಯಸ್ಸು

ಹೆಸರಿನ ಜೊತೆ ಕಥೆ ಬಂದರೆ ಕಥೆ ಹಳೆಯದಾ, ಹೆಸರು ಹಳೆಯದಾ ನೋಡಿ. ನಮ್ಮ ಊರಿನ ಹೆಸರೇ ಇದಕ್ಕೆ ಪಾಠ. ಹೊಯ್ಸಳ ವೀರಬಲ್ಲಾಳ ಕಾಡಿನಲ್ಲಿ ದಾರಿ ತಪ್ಪಿ, ಒಬ್ಬ ಅಜ್ಜಿ ಬೆಂದ ಕಾಳು ಕೊಟ್ಟಳು, ಬೆಂದಕಾಳೂರು ಬೆಂಗಳೂರಾಯಿತು ಅಂತ ಎಲ್ಲರೂ ಕೇಳಿದ್ದೇವೆ. ಬಲ್ಲಾಳ ಆಳಿದ್ದು 1173ರಿಂದ 1220ರ ತನಕ. ಬೇಗೂರಿನ ನಾಗೇಶ್ವರ ದೇವಸ್ಥಾನದಲ್ಲಿ ಒಂದು ವೀರಗಲ್ಲಿದೆ, ಸುಮಾರು 900ರ ಹೊತ್ತಿನದು. ಅದರಲ್ಲಿ ಆಗಲೇ ‘ಬೆಂಗಳೂರ ಕಾಳಗ’ ಅಂತ ಕೊರೆದಿದೆ. ಅಜ್ಜಿ ಕಾಳು ಬೇಯಿಸುವುದಕ್ಕೆ 250 ವರ್ಷಕ್ಕಿಂತ ಮುಂಚೆಯೇ ಊರಿಗೆ ಹೆಸರಿತ್ತು. ಕಥೆ ನನಗೆ ಇಷ್ಟವೇ, ಆದರೆ ಹೆಸರಿನ ಮೂಲ ಅಂತ ಒಪ್ಪಲು ಆಗುವುದಿಲ್ಲ.

ಕೆಲವು ಸಲ ಉಲ್ಟಾ. ಕಥೆಯಿಲ್ಲದೆ ಅರ್ಥವೇ ಆಗುವುದಿಲ್ಲ. ಅಪರ್ಣಾ ಅಂದರೆ ಎಲೆಯಿಲ್ಲದವಳು. ಬರೀ ಅಷ್ಟೇ ಹಾಕಿದರೆ ಬೋಳು ಮರ ನೆನಪಾಗುತ್ತದೆ. ಶಿವನಿಗಾಗಿ ತಪಸ್ಸು ಮಾಡುವಾಗ ಪಾರ್ವತಿ ತರಗೆಲೆ ತಿನ್ನುವುದನ್ನೂ ಬಿಟ್ಟಳು ಅನ್ನುವುದು ತಿಳಿದರೆ ಹೆಸರು ಎದ್ದು ನಿಲ್ಲುತ್ತದೆ.

ಅಜ್ಜ ಅಜ್ಜಿಯರ ಹೆಸರಿನಲ್ಲಿ ನಿಘಂಟು ಸಾಲುವುದಿಲ್ಲ. ತಿಪ್ಪಯ್ಯ, ಹುಚ್ಚಪ್ಪ ಅನ್ನುವ ಹೆಸರು ನೋಡಿ ಹೊಸಬರು ಮುಖ ಸಿಂಡರಿಸುತ್ತಾರೆ. ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ, ದೃಷ್ಟಿ ತಾಗದಿರಲಿ, ಯಮನಿಗೂ ಬೇಡವಾಗಲಿ ಅಂತ ಇಂಥ ಹೆಸರು ಇಡುತ್ತಿದ್ದರು. ತಿಪ್ಪೆ ಅನ್ನುವುದು ಪದದ ಅರ್ಥ; ಈ ಮಗು ಬದುಕಲಿ ಅನ್ನುವುದು ಹೆಸರಿನ ಅರ್ಥ. ಶಿಕಾರಿಪುರದ ಕಡೆಯವರಾದರೆ ಹುಚ್ಚರಾಯ ಅನ್ನುವುದು ಅಲ್ಲಿನ ಆಂಜನೇಯ ಸ್ವಾಮಿಯ ಹೆಸರು. ಮನೆಯಲ್ಲಿ ಹಿರಿಯರಿದ್ದರೆ ಕೇಳಿ. ಇದು ಯಾವ ಪುಸ್ತಕದಲ್ಲೂ ಸಿಗದ ಸಾಕ್ಷಿ.

ದೋಷ ಸಿಕ್ಕಿತು, ಈಗ?

ಹೆಸರು ಬದಲಿಸಬೇಕಾಗಿಲ್ಲ. ಅರ್ಥದ ಸಾಲು ಬದಲಿಸಿ. ಆರವ್ ಮನೆಯವರು ಹಾಗೇ ಮಾಡಿದರು. ಮಗ ಸ್ವಲ್ಪ ಹೊತ್ತು ಸುಮ್ನೆ ಕುಳಿತಿದ್ದರು. “ನೀರವ್ ಅಂತ ಇಡೋಣ್ವಾ ಅಪ್ಪಾ?” ಅಂತ ಕೇಳಿದರು. ತಾತ ಬೇಡ ಅಂದರು. “ನಿಮ್ಮಮ್ಮ ಆಗ್ಲೇ ಆರು ದಿನದಿಂದ ಆರವ್ ಅಂತ ಕರೀತಿದಾಳೆ. ಮನೇಲಿ ಮಗು ಸದ್ದು ಕೇಳಿ ಎಷ್ಟು ವರ್ಷ ಆಗಿತ್ತು. ಸದ್ದು ಅಂತಲೇ ಇರ್ಲಿ.” ಕಾರ್ಡಿನಲ್ಲಿ ‘ಆರವ: ದನಿ’ ಅಂತ ಹಾಕಿದೆವು.

ರಿಯಾಂಶ್ ಥರದ ಹೆಸರಾದರೆ ‘ನಾವು ಕಟ್ಟಿದ ಹೆಸರು’ ಅಂತ ಮಗುವಿಗೆ ಹೇಳಿ. ಅಪ್ಪನ ಹೆಸರಿನ ಒಂದಕ್ಷರ, ಅಮ್ಮನ ಹೆಸರಿನ ಒಂದಕ್ಷರ ಸೇರಿಸಿ ಕಟ್ಟಿದ್ದರೆ ಅದನ್ನೇ ಹೇಳಿ, ಇಲ್ಲದ ಕಿರಣಕ್ಕಿಂತ ಅದು ಚೆನ್ನಾಗಿದೆ.

ಇಂಥ ಕಟ್ಟಿದ ಹೆಸರು ಬರುವುದಕ್ಕೆ ನಕ್ಷತ್ರದ ಅಕ್ಷರವೂ ಒಂದು ಕಾರಣ. ಹಸ್ತ ನಕ್ಷತ್ರಕ್ಕೆ ಪು, ಷ, ಣ, ಠ. ಆರಿದ್ರಾಕ್ಕೆ ಕು, ಘ, ಙ, ಛ. ಣ, ಠ, ಙ ಅಕ್ಷರದಲ್ಲಿ ಶುರುವಾಗುವ ಹೆಸರು ಎಲ್ಲಿಂದ ತರುವುದು? ಜಾತಕದ ಹೆಸರು ಬೇರೆ, ಕರೆಯುವ ಹೆಸರು ಬೇರೆ ಇಡುವ ಪದ್ಧತಿ ನಮ್ಮಲ್ಲಿ ಮೊದಲಿಂದಲೂ ಇದೆ. ಅದನ್ನು ಬಳಸಿಕೊಳ್ಳಿ, ಇಲ್ಲದ ಪದ ಹುಟ್ಟಿಸುವುದು ತಪ್ಪುತ್ತದೆ. ಸಂಖ್ಯಾಶಾಸ್ತ್ರಕ್ಕೆ ಅಂತ ಇಂಗ್ಲಿಷಿನಲ್ಲಿ ಒಂದು ಎ ಜಾಸ್ತಿ ಹಾಕಿಸಿಕೊಂಡರೆ, ಕನ್ನಡದ ಅಕ್ಷರವನ್ನು ಮುಟ್ಟಬೇಡಿ.

ಕೊನೆಯದಾಗಿ ನೋಂದಣಿ. 1969ರ ಜನನ ಮರಣ ನೋಂದಣಿ ಕಾಯ್ದೆಯ ಪ್ರಕಾರ ಮಗು ಹುಟ್ಟಿದ್ದನ್ನು 21 ದಿನದೊಳಗೆ ತಿಳಿಸಬೇಕು. ಹೆಸರು ಆಗಲೇ ಕೊಡಬೇಕಿಲ್ಲ. 12 ತಿಂಗಳೊಳಗೆ ಶುಲ್ಕವಿಲ್ಲದೆ ಸೇರಿಸಬಹುದು, ಆಮೇಲೆ ತಡವಾದ ಶುಲ್ಕ ಕಟ್ಟಿ 15 ವರ್ಷದ ತನಕ. ಹಾಗಾಗಿ ಆಸ್ಪತ್ರೆಯ ಫಾರಂ ಮುಂದೆ ಗಡಿಬಿಡಿ ಮಾಡಿಕೊಳ್ಳಬೇಡಿ. 2023ರ ಅಕ್ಟೋಬರ್ 1ರಂದು ಅಥವಾ ಆಮೇಲೆ ಹುಟ್ಟಿದ ಮಕ್ಕಳಿಗೆ ಶಾಲೆಗೆ ಸೇರುವುದರಿಂದ ಹಿಡಿದು ಪಾಸ್‌ಪೋರ್ಟ್ ತನಕ ಜನನ ಪ್ರಮಾಣಪತ್ರವೇ ಆಧಾರ. ಅರ್ಜಿಯಲ್ಲಿ ಹೆಸರನ್ನು ಕನ್ನಡದಲ್ಲಿ ನೀವೇ ಬರೆದುಕೊಡಿ, ಇಂಗ್ಲಿಷಿನಿಂದ ಕನ್ನಡಕ್ಕೆ ಕಂಪ್ಯೂಟರ್ ಮಾಡಲು ಬಿಡಬೇಡಿ. ಪತ್ರ ಕೈಗೆ ಬಂದಾಗ ಕೌಂಟರ್ ಬಿಟ್ಟು ಕದಲುವ ಮೊದಲು ಕನ್ನಡದ ಸಾಲನ್ನು ಅಕ್ಷರ ಅಕ್ಷರ ಬಿಡಿಸಿ ಓದಿ: ದೀರ್ಘ, ಒತ್ತು, ಮಹಾಪ್ರಾಣ, ಕೊನೆಯ ಸ್ವರ. ಆಮೇಲೆ ಇಂಗ್ಲಿಷಿನ ಸಾಲು.